ಬನ್ನಿ ಹಬ್ಬ ಮುಗಿದ ಮೇಲೆ ಬೀಜ ಹಾಕು

ಪ್ರೀತಿಯ ದೋಸ್ತ,

ಈ ಪತ್ರದ ಜೊತೆಗಿರುವ ಪೊಟ್ಟಣದಲ್ಲಿ ನಸ್ಟರ್ಷಿಯಂ ಎಂಬ ಹೂಬಳ್ಳಿಯ ಆರು ಬೀಜ ಇವೆ. ನೋಡಲು ಒಣಗಿದ ಕಡಲೆಕಾಳಿನ ಹಾಗೆಯೇ ಇವೆ. ಮನೆಯಲ್ಲಿ ಎಲ್ಲರಿಗೂ ಹೇಳಿ ಜೋಪಾನವಾಗಿ ಎತ್ತಿಡು. ಮೇ ತಿಂಗಳಲ್ಲಿ ನೀನು ಫೋನ್ ಮಾಡಿ, ಹಾಕಿದ ಬೀಜದಲ್ಲಿ ಒಂದೂ ಉಳಿಯಲಿಲ್ಲ, ರಾಯಚೂರಿನ ಬಿಸಿಲಿಗೆ ಈ ಗಿಡ ಆಗಿಬರುವುದಿಲ್ಲ ಎಂದಿದ್ದೆ. ಆಗುತ್ತದೆ. ಕಲಬುರಗಿಯಲ್ಲಿ, ನಮ್ಮ ಎರಡನೇ ಮಹಡಿಯ ಮನೆಯೊಳಗೆ ಆಗಿದೆ. ಫೋನಿನಲ್ಲಿ ಸರಿಯಾಗಿ ಹೇಳಲು ಆಗಲಿಲ್ಲ, ಅದಕ್ಕೇ ಕೂತು ಬರೆಯುತ್ತಿದ್ದೇನೆ.

ಈ ಗಿಡದ ತವರು ದಕ್ಷಿಣ ಅಮೆರಿಕದ ಆಂಡಿಸ್ ಬೆಟ್ಟಗಳು. ಊಟಿ, ಕೂನೂರಿನ ಕಡೆ ರಸ್ತೆ ಬದಿಯಲ್ಲಿ ತಾನಾಗಿಯೇ ಹಬ್ಬಿಕೊಂಡಿದ್ದನ್ನು ನಾವಿಬ್ಬರೂ ನೋಡಿದ್ದೇವಲ್ಲ. ತಂಪಿನಲ್ಲಿ ಬೆಳೆದ ಜೀವ ಅದು. 40 ಡಿಗ್ರಿ ದಾಟುವ ನಮ್ಮ ಮೇ ತಿಂಗಳಲ್ಲಿ ಮನೆಯೊಳಗೆ ಇಟ್ಟರೂ ಬದುಕುವುದಿಲ್ಲ. ನಮ್ಮ ಕಡೆ ಅದರ ಕಾಲ ಬನ್ನಿ ಹಬ್ಬದಿಂದ ಶಿವರಾತ್ರಿವರೆಗೆ, ಅಷ್ಟೇ.

ನಾನೂ ಎರಡು ವರ್ಷ ಕೆಡಿಸಿದೆ. ಮೊದಲ ವರ್ಷ ಹೊಲದಿಂದ ಕರಿಮಣ್ಣು ತಂದು ತುಂಬಿದೆ. ತೊಗರಿ ಬೆಳೆಯುವ ಮಣ್ಣು, ಒಂದು ಹೂವಿನ ಗಿಡ ಬೆಳೆಯುವುದಿಲ್ಲವೇ ಎಂದುಕೊಂಡೆ. ಕುಂಡದಲ್ಲಿ ಆ ಮಣ್ಣು ನೀರನ್ನು ಬಿಡಲೇ ಇಲ್ಲ, ಬೀಜ ಕೊಳೆತು ಹೋದವು. ಮರುವರ್ಷ ಕೆಂಪು ಮಣ್ಣಿಗೆ ಕೊಟ್ಟಿಗೆ ಗೊಬ್ಬರ, ಬೇವಿನ ಹಿಂಡಿ ಎಲ್ಲ ಸೇರಿಸಿ ಬಾಣಂತಿಯ ಹಾಗೆ ನೋಡಿಕೊಂಡೆ. ಎಲೆ ಅಂಗೈಯಷ್ಟು ಅಗಲ ಬಂತು. ಹೂವು ಒಂದೂ ಇಲ್ಲ. ಗೊಬ್ಬರ ಜಾಸ್ತಿಯಾದರೆ ಈ ಗಿಡ ಬರೀ ಎಲೆ ಬಿಡುತ್ತದೆ.

ಮೂರನೇ ಸಲ ಎರಡು ಪಾಲು ಕೆಂಪು ಮಣ್ಣಿಗೆ ಒಂದು ಪಾಲು ಮರಳು ಹಾಕಿದೆ. ಗೊಬ್ಬರ ಮುಟ್ಟಲಿಲ್ಲ. ಹತ್ತು ಇಂಚಿನ ಮಣ್ಣಿನ ಕುಂಡ ತಂದೆ. ಪ್ಲಾಸ್ಟಿಕ್ ಬೇಡವೇ ಬೇಡ. ಬೇಸಿಗೆಯಲ್ಲಿ ಮಡಕೆಯ ನೀರು ತಂಪಾಗುವ ಹಾಗೆ, ಮಣ್ಣಿನ ಕುಂಡವೂ ಬೆವರಿ ಬೇರನ್ನು ತಂಪಾಗಿಡುತ್ತದೆ. ಅದರ ಸುತ್ತ ಒದ್ದೆ ಗೋಣಿಚೀಲ ಕಟ್ಟಿದೆ. ಬೀಜ ರಾತ್ರಿಯೆಲ್ಲ ನೆನೆಸಿಟ್ಟು, ಬೆಳಗ್ಗೆ ಅರ್ಧ ಇಂಚು ಆಳಕ್ಕೆ ಊರಿದೆ. ಎಲ್ಲಿ ಬೆಳೆಯಬೇಕೋ ಅದೇ ಕುಂಡಕ್ಕೆ ಹಾಕು. ಕಿತ್ತು ನೆಟ್ಟರೆ ಅದರ ಬೇರು ತಡೆಯುವುದಿಲ್ಲ. ಒಂಬತ್ತನೇ ದಿನ ಮೊಳಕೆ ಕಂಡಿತು. ಕಿಟಕಿ ಮಾತ್ರ ಪೂರ್ವದ್ದೇ ಇರಲಿ. ಬೆಳಗಿನ ನಾಲ್ಕು ತಾಸು ಬಿಸಿಲು ಬಿದ್ದರೆ ಸಾಕು. ಪಶ್ಚಿಮದ ಕಿಟಕಿಯಲ್ಲಿಟ್ಟ ಇನ್ನೊಂದು ಕುಂಡದ ಎಲೆಗಳು ಝಳಕ್ಕೆ ಅಂಚಿನಿಂದ ಸುಟ್ಟು ಹಪ್ಪಳದ ಹಾಗಾದವು.

ಎಲೆಯನ್ನೇ ನೋಡುತ್ತಾ ಕೂರಬಹುದು, ಗೊತ್ತಾ? ಪುಟ್ಟ ತಾವರೆ ಎಲೆಯ ಹಾಗೆ ದುಂಡಗೆ, ತೊಟ್ಟು ನಡುವಿಗೆ ಅಂಟಿಕೊಂಡಿರುತ್ತದೆ. ನೀರು ಚಿಮುಕಿಸಿದರೆ ಕೆಸುವಿನೆಲೆಯ ಮೇಲಿನಂತೆ ಮಣಿ ಮಣಿಯಾಗಿ ಉರುಳುತ್ತದೆ, ಎಲೆ ಒದ್ದೆಯೇ ಆಗುವುದಿಲ್ಲ. ಬಳ್ಳಿಯನ್ನು ನಾನು ಎಲ್ಲೂ ಕಟ್ಟಲಿಲ್ಲ. ಎಲೆಯ ತೊಟ್ಟುಗಳೇ ಕಿಟಕಿಯ ಸರಳಿಗೆ ಸುತ್ತಿಕೊಂಡು ಮೇಲೆ ಹತ್ತಿದವು.

ಡಿಸೆಂಬರ್ ನಡುವಿಗೆ ಮೊದಲ ಹೂವು, ಕೇಸರಿ ಬಣ್ಣದ್ದು. ಅವತ್ತು ಸಂಜೆ ಕರೆಂಟ್ ಹೋಗಿತ್ತು. ಮಬ್ಬುಗತ್ತಲೆಯಲ್ಲಿ ಹೂವು ಒಮ್ಮೆ ಮಿಂಚಿದ ಹಾಗಾಯಿತು. ಸ್ವೀಡನ್ನಿನಲ್ಲಿ 1762ರಲ್ಲಿ, ಗಿಡಗಳಿಗೆಲ್ಲ ಹೆಸರಿಟ್ಟ ಲಿನೇಯಸ್‌ನ ಮಗಳು ಎಲಿಸಬೆತ್ ಕ್ರಿಸ್ಟಿನಾ ಇದನ್ನೇ ಕಂಡು ಬರೆದಿಟ್ಟಿದ್ದಳು. ಆಗ ಅವಳಿಗೆ 19 ವರ್ಷ. ಹೂವು ಮಿಂಚುವುದಿಲ್ಲ, ಕತ್ತಲಾಗುವ ಹೊತ್ತಿನಲ್ಲಿ ನಮ್ಮ ಕಣ್ಣಿಗೆ ಹಾಗೆ ಕಾಣುತ್ತದೆ ಎಂದು ಆಮೇಲೆ ತಿಳಿಯಿತು. ತಿಳಿದ ಮೇಲೂ ನಾನು ದಿನಾ ಸಂಜೆ ದೀಪ ಹಾಕದೆ ಹತ್ತು ನಿಮಿಷ ಅಲ್ಲಿ ಕೂರುತ್ತಿದ್ದೆ.

ಅವ್ವನಿಗೆ ಹೂವಿಗಿಂತ ಎಲೆ ಇಷ್ಟವಾಯಿತು. ಒಂದು ಎಲೆ ಕಿತ್ತು ಬಾಯಿಗೆ ಹಾಕಿಕೊಂಡವಳು, ಸಾಸಿವೆ ಅಗಿದಂತೆ ಮೂಗಿಗೇರಿದಾಗ ಕಣ್ಣು ಮುಚ್ಚಿಕೊಂಡಳು. ಆಮೇಲೆ ಹಕ್ಕರಿಕೆ, ಉಳ್ಳಾಗಡ್ಡಿ ತಪ್ಪಲಿನ ಜೊತೆ ಇದನ್ನೂ ಜೋಳದ ರೊಟ್ಟಿಯ ಪಕ್ಕಕ್ಕೆ ಇಡತೊಡಗಿದಳು. ತಿನ್ನುವ ಎಲೆ ಅಂದಮೇಲೆ ಔಷಧಿ ಹೊಡೆಯಬೇಡ. ಎಲೆಯ ಕೆಳಗೆ ಕಪ್ಪು ಹೇನು ಕೂತರೆ ನೀರಿನಲ್ಲಿ ತೊಳೆದುಬಿಡು.

ಇನ್ನೊಂದು ಮುಖ್ಯ ಮಾತು. ನಮ್ಮ ಕಿಟಕಿಗೆ ಸೊಳ್ಳೆ ಪರದೆ ಇದೆ, ಜೇನು ಒಳಗೆ ಬರುವುದಿಲ್ಲ. ಹೂವು ಬಾಡುತ್ತಿದ್ದವು, ಬೀಜ ಕಟ್ಟುತ್ತಿರಲಿಲ್ಲ. ಹತ್ತಿರದಿಂದ ನೋಡಿದಾಗ ಗೊತ್ತಾಯಿತು. ಹೊಸ ಹೂವಿನಲ್ಲಿ ಎಂಟು ಕೇಸರಗಳು ಒಂದೊಂದಾಗಿ ಪರಾಗ ಬಿಡುತ್ತವೆ. ಅವು ಮುಗಿದ ಮೇಲಷ್ಟೇ ನಡುವಿನ ಎಳೆಯ ತುದಿ ಮೂರಾಗಿ ಸೀಳುತ್ತದೆ. ಅವ್ವನ ಹೂಬತ್ತಿ ಒಂದನ್ನು ತೆಗೆದುಕೊಂಡು, ಹೊಸ ಹೂವಿನ ಪುಡಿಯನ್ನು ಹಳೆಯ ಹೂವಿನ ಆ ಸೀಳಿಗೆ ಸವರಿದೆ. ಸ್ವಲ್ಪ ದಿನಕ್ಕೆ ಮೂರು ಹಸಿರು ಕಾಳು ಒಂದಕ್ಕೊಂದು ಅಂಟಿಕೊಂಡು ನಿಂತವು. ನಿನಗೆ ಕಳಿಸಿರುವುದು ಹಾಗೆ ಕಟ್ಟಿದ ಬೀಜಗಳನ್ನೇ.

ಎರಡೆರಡಾಗಿ ಮೂರು ಕುಂಡಕ್ಕೆ ಹಾಕು. ಬನ್ನಿ ಕೊಡಲು ಈ ಸಲ ಬರುವುದಕ್ಕೆ ಆಗುತ್ತಿಲ್ಲ, ಸದ್ಯಕ್ಕೆ ಇದೇ ನಮ್ಮ ಬಂಗಾರ. ನಿಮ್ಮ ಹೊಸ ಮನೆಯಲ್ಲಿ ಪೂರ್ವಕ್ಕೆ ಕಿಟಕಿ ಇದೆಯಾ ಎಂದು ಅವ್ವ ಆಗಲೇ ಎರಡು ಸಲ ಕೇಳಿದ್ದಾಳೆ. ಬರೆದು ತಿಳಿಸು.

ನಿನ್ನ ದೋಸ್ತ