ಅಧಿಸೂಚನೆಯ ನಿಯಮ ಓದಿಯೇ ಅರ್ಜಿ ಸಲ್ಲಿಸಿ

ಮಾನ್ಯ ಸಂಪಾದಕರೇ,

ಕರ್ನಾಟಕ ಲೋಕಸೇವಾ ಆಯೋಗವಾಗಲಿ, ಕರ್ನಾಟಕ ಪರೀಕ್ಷಾ ಪ್ರಾಧಿಕಾರವಾಗಲಿ ನೇಮಕಾತಿ ಅಧಿಸೂಚನೆ ಹೊರಡಿಸಿದ ಕೂಡಲೇ ದಾವಣಗೆರೆಯ ತರಬೇತಿ ಕೇಂದ್ರಗಳಲ್ಲಿ ಪಠ್ಯಕ್ರಮ, ಹುದ್ದೆಗಳ ಸಂಖ್ಯೆ, ಕಟ್‌ಆಫ್ ಅಂಕಗಳ ಚರ್ಚೆ ಶುರುವಾಗುತ್ತದೆ. ಆದರೆ ಅದೇ ಅಧಿಸೂಚನೆಯ ಒಳಪುಟಗಳಲ್ಲಿರುವ ಮೀಸಲಾತಿ ಮತ್ತು ಪ್ರಮಾಣ ಪತ್ರಗಳ ನಿಯಮಗಳನ್ನು ಕೊನೆಯವರೆಗೆ ಓದುವವರು ಕಡಿಮೆ. ಹಗಲಿರುಳು ಓದಿ ಒಳ್ಳೆಯ ಅಂಕ ಗಳಿಸಿದವರು ದಾಖಲೆ ಪರಿಶೀಲನೆಯ ಹಂತದಲ್ಲಿ ಮೀಸಲಾತಿ ಕೈತಪ್ಪಿಸಿಕೊಂಡು ಮರಳುವುದನ್ನು ನೋಡಿದ ಸಂಕಟದಿಂದ ಈ ಪತ್ರ ಬರೆಯುತ್ತಿದ್ದೇನೆ.

ಹೆಚ್ಚಿನವರು ಎಡವುವುದು ದಿನಾಂಕದ ವಿಷಯದಲ್ಲಿ. ಅರ್ಜಿಯಲ್ಲಿ ಕೋರಿದ ಮೀಸಲಾತಿಗೆ ಬೇಕಾದ ಪ್ರಮಾಣ ಪತ್ರವು ಅರ್ಜಿ ಸಲ್ಲಿಸಲು ನಿಗದಿಯಾದ ಕೊನೆಯ ದಿನದೊಳಗೆ ಪಡೆದದ್ದಾಗಿರಬೇಕು ಮತ್ತು ಅಂದು ಚಾಲ್ತಿಯಲ್ಲಿರಬೇಕು. ಹಿಂದುಳಿದ ವರ್ಗಗಳಾದ ಪ್ರವರ್ಗ 2ಎ, 2ಬಿ, 3ಎ, 3ಬಿ ಅಭ್ಯರ್ಥಿಗಳ ಜಾತಿ ಮತ್ತು ಆದಾಯ ಪ್ರಮಾಣ ಪತ್ರಕ್ಕೆ ಐದು ವರ್ಷಗಳ ಅವಧಿ ಮಾತ್ರ. ಪದವಿಗೆ ಸೇರುವಾಗ ನಾಡಕಚೇರಿಯಲ್ಲಿ ಪಡೆದ ಪತ್ರವನ್ನೇ ನಂಬಿಕೊಂಡು, ಅದರ ಅವಧಿ ಮುಗಿದಿರುವುದನ್ನು ಗಮನಿಸದೆ ಪತ್ರದ ಮೇಲಿರುವ ಆರ್.ಡಿ. ಸಂಖ್ಯೆಯನ್ನು ಅರ್ಜಿಯಲ್ಲಿ ನಮೂದಿಸುವವರಿದ್ದಾರೆ. ಆಯ್ಕೆಪಟ್ಟಿ ಬಂದ ಮೇಲೆ ಹೊಸ ಪತ್ರ ತಂದರೆ ಅದು ಲೆಕ್ಕಕ್ಕೆ ಬರುವುದಿಲ್ಲ.

ಗ್ರಾಮೀಣ ಮೀಸಲಾತಿಯ ಬಗೆಗಂತೂ ತಪ್ಪು ತಿಳಿವಳಿಕೆ ಬಹಳ. ಹಳ್ಳಿಯಲ್ಲಿ ಹುಟ್ಟಿ ಬೆಳೆದ ಮಾತ್ರಕ್ಕೆ ಅದು ದೊರೆಯುವುದಿಲ್ಲ. ಎಸ್ಸೆಸ್ಸೆಲ್ಸಿ ಅಥವಾ ಅದಕ್ಕಿಂತ ಹೆಚ್ಚಿನ ವಿದ್ಯಾರ್ಹತೆಯ ಹುದ್ದೆಗಳಿಗೆ ಒಂದರಿಂದ ಹತ್ತನೇ ತರಗತಿಯವರೆಗೂ ಗ್ರಾಮೀಣ ಪ್ರದೇಶದ ಶಾಲೆಗಳಲ್ಲೇ ಓದಿರಬೇಕು. ಊರಿನಲ್ಲಿ ಏಳನೇ ತರಗತಿ ಮುಗಿಸಿ ಪ್ರೌಢಶಾಲೆಗೆ ಹರಿಹರ ಪಟ್ಟಣಕ್ಕೆ ಬಂದವರು ಈ ಮೀಸಲಾತಿ ಕೋರುವಂತಿಲ್ಲ. ಇದಕ್ಕೆ ಸಲ್ಲಿಸುವ ವ್ಯಾಸಂಗ ಪ್ರಮಾಣ ಪತ್ರದಲ್ಲಿ ಶಾಲಾ ಮುಖ್ಯಸ್ಥರ ಸಹಿಯ ಜೊತೆಗೆ ಕ್ಷೇತ್ರ ಶಿಕ್ಷಣಾಧಿಕಾರಿಗಳ ಮೇಲುಸಹಿಯೂ ಬೇಕು. ಸಾಮಾನ್ಯ ಅರ್ಹತೆಯ ಅಭ್ಯರ್ಥಿಗಳು ಇದರ ಜೊತೆಗೆ, ತಾವು ಮೇಲುಸ್ತರಕ್ಕೆ (ಕೆನೆಪದರಕ್ಕೆ) ಸೇರಿಲ್ಲವೆಂದು ತಹಶೀಲ್ದಾರರಿಂದ ಪ್ರತ್ಯೇಕ ಪತ್ರ ಪಡೆಯಬೇಕಾಗುತ್ತದೆ. ಕನ್ನಡ ಮಾಧ್ಯಮದ ಮೀಸಲಾತಿಗೂ ಹತ್ತು ತರಗತಿಗಳ ವ್ಯಾಸಂಗದ ದಾಖಲೆ ಬೇಕು.

ನಮ್ಮ ಭಾಗಕ್ಕೇ ವಿಶೇಷವಾದ ಇನ್ನೊಂದು ಸಂಗತಿಯಿದೆ. 1997ರಲ್ಲಿ ದಾವಣಗೆರೆ ಜಿಲ್ಲೆ ರಚನೆಯಾದಾಗ ಇತ್ತ ಸೇರಿದ್ದ ಹರಪನಹಳ್ಳಿ ತಾಲ್ಲೂಕು, ಕಲ್ಯಾಣ ಕರ್ನಾಟಕದವರಿಗೆ ಉದ್ಯೋಗ, ಶಿಕ್ಷಣದಲ್ಲಿ ಮೀಸಲಾತಿ ನೀಡುವ ಸಂವಿಧಾನದ 371(ಜೆ) ವಿಧಿಯ ಸೌಲಭ್ಯಕ್ಕಾಗಿ ನಡೆದ ಹೋರಾಟದ ನಂತರ 2018ರಲ್ಲಿ ಬಳ್ಳಾರಿಗೆ ಮರಳಿ, ಈಗ ವಿಜಯನಗರ ಜಿಲ್ಲೆಯಲ್ಲಿದೆ. ಅಲ್ಲಿಂದ ಇಲ್ಲಿಗೆ ಓದಲು ಬರುವವರು ಸಹಾಯಕ ಆಯುಕ್ತರಿಂದ ಅರ್ಹತಾ ಪ್ರಮಾಣ ಪತ್ರ ಪಡೆದು, ಸ್ಥಳೀಯ ವೃಂದವೋ (ಕಲ್ಯಾಣ ಕರ್ನಾಟಕದ ಹುದ್ದೆಗಳು) ಉಳಿಕೆ ಮೂಲ ವೃಂದವೋ (ರಾಜ್ಯದ ಉಳಿದ ಭಾಗದ ಹುದ್ದೆಗಳು) ಎಂಬುದನ್ನು ವಿಚಾರ ಮಾಡಿ ಅರ್ಜಿ ಹಾಕಬೇಕು. ಪಕ್ಕದ ಜಗಳೂರಿನವರಿಗೆ ಈ ಸೌಲಭ್ಯವಿಲ್ಲ. ಒಂದೇ ಕೊಠಡಿಯಲ್ಲಿ ಕೂತು ಓದುವ ಗೆಳೆಯರು ಒಬ್ಬರ ಅರ್ಜಿ ನೋಡಿ ಇನ್ನೊಬ್ಬರು ತುಂಬಿದರೆ ತೊಂದರೆ ಖಚಿತ.

ಸೈಬರ್ ಕೇಂದ್ರದವರ ಕೈಗೆ ಅಂಕಪಟ್ಟಿ ಕೊಟ್ಟು ಹೊರಗೆ ಕಾಯುತ್ತ ನಿಲ್ಲುವ ಅಭ್ಯಾಸವನ್ನೂ ಬಿಡಬೇಕು. ಕೊನೆಯ ದಿನಗಳ ನೂಕುನುಗ್ಗಲಿನಲ್ಲಿ ಅವರು ಪ್ರವರ್ಗವನ್ನೋ ಜನ್ಮದಿನಾಂಕವನ್ನೋ ತಪ್ಪಾಗಿ ತುಂಬಿದರೂ ಹೊಣೆ ಅಭ್ಯರ್ಥಿಯದೇ. ಹೆಸರು ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿರುವಂತೆಯೇ ಇದೆಯೇ, ಶುಲ್ಕ ಪಾವತಿಯಾಗಿದೆಯೇ ಎಂದು ಸ್ವತಃ ನೋಡಿ, ಅರ್ಜಿಯ ಮುದ್ರಿತ ಪ್ರತಿಯನ್ನು ಜೋಪಾನವಾಗಿ ಇಟ್ಟುಕೊಳ್ಳಬೇಕು.

ಈ ನಿಯಮಗಳು ಅತಿ ಕಠಿಣವೆಂದು ಕೆಲವರು ದೂರುತ್ತಾರೆ. ನನಗೆ ಹಾಗೆ ಅನಿಸುವುದಿಲ್ಲ. ಕೊನೆಯ ದಿನವನ್ನು ಒಬ್ಬರಿಗಾಗಿ ಸಡಿಲಿಸಿದರೆ, ಕೂಲಿಯ ದಿನ ಬಿಟ್ಟು ನಾಡಕಚೇರಿಯ ಸರದಿಯಲ್ಲಿ ನಿಂತು ಸಕಾಲಕ್ಕೆ ಪತ್ರ ತಂದವರಿಗೆ ಅನ್ಯಾಯವಾಗುತ್ತದೆ. ಆದರೆ ನಿಯಮ ಪಾಲಿಸಲು ಹೊರಟವರಿಗೆ ಕಚೇರಿಗಳೂ ಒತ್ತಾಸೆಯಾಗಬೇಕು. ಅರ್ಜಿ ಸಲ್ಲಿಕೆಯ ಅವಧಿಯಲ್ಲಿ ಕ್ಷೇತ್ರ ಶಿಕ್ಷಣಾಧಿಕಾರಿಗಳ ಕಚೇರಿಗಳಲ್ಲಿ ಮೇಲುಸಹಿಗೆ ನಿಶ್ಚಿತ ವೇಳೆ ಗೊತ್ತುಪಡಿಸುವಂತೆ ಜಿಲ್ಲಾಡಳಿತವು ಸೂಚಿಸಲಿ. ಪದವಿ ಕಾಲೇಜುಗಳು ಅಂತಿಮ ವರ್ಷದವರಿಗೆ ಈ ಪತ್ರಗಳ ಬಗ್ಗೆ ಅರ್ಧ ದಿನದ ಮಾಹಿತಿ ಶಿಬಿರವನ್ನಾದರೂ ನಡೆಸಲಿ ಎಂದು ತಮ್ಮ ಪತ್ರಿಕೆಯ ಮೂಲಕ ಕೋರುತ್ತೇನೆ.

– ನಿವೃತ್ತ ಮುಖ್ಯ ಶಿಕ್ಷಕ, ದಾವಣಗೆರೆ