ಸಾಕ್ಷ್ಯಚಿತ್ರಕ್ಕೆ ಕ್ಯಾಮೆರಾ ಹಿಡಿಯಲು ಹೊರಟ ಗೆಳೆಯನಿಗೆ

ಪ್ರಿಯ ರಘು,

ಧಾರಾವಾಹಿಗಳಿಂದ ಬಿಡುವು ಮಾಡಿಕೊಂಡು ಸಾಕ್ಷ್ಯಚಿತ್ರವೊಂದಕ್ಕೆ ಕ್ಯಾಮೆರಾ ಹಿಡಿಯಲು ಒಪ್ಪಿದ್ದೀಯ ಎಂದು ಓದಿ ಖುಷಿಯಾಯಿತು. ಆದರೆ "ಸ್ಕ್ರಿಪ್ಟ್ ಇಲ್ಲ, ಲೈಟಿಂಗ್ ಇಲ್ಲ, ನಿರ್ದೇಶಕರು ಹೇಳಿದ ಕಡೆ ತಿರುಗಿಸಿದರೆ ಮುಗಿಯಿತು" ಎಂದು ಬರೆದಿದ್ದೀಯಲ್ಲ, ಅದನ್ನು ಓದಿ ಸುಮ್ಮನಿರಲಾಗಲಿಲ್ಲ. ನಿನ್ನಂಥವರು ತಂದು ಸುರಿಯುವ ಫುಟೇಜ್ ನೋಡಿ ನೋಡಿ ಕಣ್ಣು ಸವೆಸಿಕೊಂಡ ಸಂಕಲನಕಾರ ನಾನು. ಆ ಹಕ್ಕಿನಿಂದಲೇ ಬರೆಯುತ್ತಿದ್ದೇನೆ.

ಧಾರಾವಾಹಿಯಲ್ಲಿ ನಟಿಯ ಅಳು ಸರಿಬರದಿದ್ದರೆ ಇನ್ನೊಂದು ಟೇಕ್ ಇರುತ್ತದೆ. ಇಲ್ಲಿ ಇರುವುದಿಲ್ಲ. ಎದುರಿಗೆ ಏನೋ ನಡೆಯುತ್ತಿರುವಾಗ ನಿರ್ದೇಶಕರು ನಿನ್ನ ಕಿವಿಯಲ್ಲಿ ಪಿಸುಗುಟ್ಟುವಂತೆಯೂ ಇಲ್ಲ. ಯಾರನ್ನು, ಎಷ್ಟು ಹತ್ತಿರದಿಂದ, ಎಷ್ಟು ಹೊತ್ತು ತೋರಿಸಬೇಕು ಎಂಬುದು ಆ ಗಳಿಗೆಯಲ್ಲಿ ನಿನ್ನೊಬ್ಬನ ತೀರ್ಮಾನ. ಅರ್ಧ ನಿರ್ದೇಶನ ಅಲ್ಲೇ ಆಗಿಹೋಗಿರುತ್ತದೆ.

1960ರಲ್ಲಿ ರಾಬರ್ಟ್ ಡ್ರೂ ತಂಡ ಅಮೆರಿಕದ ವಿಸ್ಕಾನ್ಸಿನ್ ರಾಜ್ಯದ ಚುನಾವಣಾ ಪ್ರಚಾರದ ಮೇಲೆ ಮಾಡಿದ 'ಪ್ರೈಮರಿ' ಸಾಕ್ಷ್ಯಚಿತ್ರ ನೋಡಿದ್ದೀಯಾ? ಕಿಕ್ಕಿರಿದ ಸಭಾಂಗಣದಲ್ಲಿ, ಅಧ್ಯಕ್ಷನಾಗಲು ಹೊರಟ ಜಾನ್ ಕೆನಡಿ ಜನರ ನಡುವೆ ದಾರಿ ಮಾಡಿಕೊಂಡು ನಡೆಯುವಾಗ ಆಲ್ಬರ್ಟ್ ಮೇಸಲ್ಸ್ ಕ್ಯಾಮೆರಾವನ್ನು ತಲೆಯ ಮೇಲೆ ಎತ್ತಿ ಹಿಡಿದು ಬೆನ್ನ ಹಿಂದೆಯೇ ಹೋಗುತ್ತಾರೆ. ಎಲ್ಲರೂ ಹೊಗಳುವುದು ಆ ಶಾಟನ್ನು. ನನಗೆ ಅದಕ್ಕಿಂತ ಇಷ್ಟ, ಕೆನಡಿಯ ಹೆಂಡತಿ ಜಾಕ್ವೆಲಿನ್ ಮಾತನಾಡಲು ನಿಂತಾಗಿನದು. ಸಭೆಗೆಲ್ಲ ಕಾಣುವುದು ಆಕೆಯ ನಗುಮುಖ. ಕ್ಯಾಮೆರಾ ಹೋಗಿ ನಿಲ್ಲುವುದು ಬೆನ್ನ ಹಿಂದೆ ಕಟ್ಟಿದ ಕೈಗಳ ಮೇಲೆ. ಕೈಗವಸಿನೊಳಗಿನ ಬೆರಳುಗಳು ಒಂದಕ್ಕೊಂದು ಹೆಣೆದುಕೊಳ್ಳುತ್ತ, ಬಿಡಿಸಿಕೊಳ್ಳುತ್ತ ಚಡಪಡಿಸುತ್ತವೆ. ಯಾವ ಸಂಕಲನಕಾರನೂ ಇದನ್ನು ಆಮೇಲೆ ಹುಟ್ಟಿಸಲಾರ.

ಬೆಳಕಿಲ್ಲ ಎಂದು ಕೊರಗುವವರಿಗೆ ನಾನು 2019ರ 'ಹನಿಲ್ಯಾಂಡ್' ತೋರಿಸುತ್ತೇನೆ. ಉತ್ತರ ಮ್ಯಾಸಿಡೋನಿಯಾದ ಪಾಳುಬಿದ್ದ ಹಳ್ಳಿಯಲ್ಲಿ ಹಾಸಿಗೆ ಹಿಡಿದ ತಾಯಿಯೊಡನೆ ಬದುಕುವ ಜೇನು ಸಾಕುವ ಹೆಂಗಸೊಬ್ಬಳ ಕತೆ ಅದು. ಮನೆಗೆ ವಿದ್ಯುತ್ತೇ ಇಲ್ಲ. ಕಿಟಕಿಯಿಂದ ಬಂದಷ್ಟು ಬಿಸಿಲು, ಕತ್ತಲಾದರೆ ದೀಪ. ಫೆಜ್ಮಿ ದಾವುತ್ ಮತ್ತು ಸಮೀರ್ ಲ್ಯೂಮಾ ಅಷ್ಟರಲ್ಲೇ ಚಿತ್ರೀಕರಿಸಿ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಛಾಯಾಗ್ರಹಣಕ್ಕೆ ವಿಶೇಷ ಪ್ರಶಸ್ತಿ ಪಡೆದರು. ಆಕೆ ಆಡುವ ಟರ್ಕಿಶ್ ನಿರ್ದೇಶಕರಿಗೆ ತಿಳಿಯುತ್ತಿರಲಿಲ್ಲವಂತೆ. ಮೂರು ವರ್ಷಗಳಲ್ಲಿ ಕೂಡಿಬಿದ್ದ 400 ಗಂಟೆಗೂ ಮೀರಿದ ಫುಟೇಜನ್ನು ಮೊದಲು ಮಾತು ಬದಿಗಿಟ್ಟು, ದೃಶ್ಯ ನೋಡಿಯೇ ಜೋಡಿಸಿದರು. ಮಾತಿಲ್ಲದೆಯೂ ತಾಯಿ ಮಗಳ ಸಂಬಂಧ ತಿಳಿಯುತ್ತದೆ ಎಂದರೆ ಅದು ಕ್ಯಾಮೆರಾ ಹಿಡಿದವರ ತಾಳ್ಮೆ.

ಇನ್ನು ನನ್ನ ಹಳೆಯ ಸಿಟ್ಟು. ಲಿಂಗನಮಕ್ಕಿಯ ಹಿನ್ನೀರಿನಲ್ಲಿ ಮನೆ ಕಳೆದುಕೊಂಡ ಅಜ್ಜಿಯೊಬ್ಬರ ಸಂದರ್ಶನ ನನ್ನ ಮೇಜಿಗೆ ಬಂದಿತ್ತು. ಚೆನ್ನಾಗಿಯೇ ತೆಗೆದಿದ್ದರು. ಅಜ್ಜಿ ಮಾತು ಮುಗಿಸಿದರು, ಛಾಯಾಗ್ರಾಹಕ ಕ್ಯಾಮೆರಾ ಇಳಿಸಿದ. ಧ್ವನಿಮುದ್ರಣ ಮಾತ್ರ ನಡೆಯುತ್ತಲೇ ಇತ್ತು. ಕಬ್ಬಿಣದ ಪೆಟ್ಟಿಗೆಯ ಮುಚ್ಚಳ ಕಿರುಗುಟ್ಟಿತು, ಕಾಗದ ಸರಪರ ಎಂದಿತು, "ಇದೇ ನೋಡಿ ನಮ್ಮ ಮನೆ, ಈ ಬಾಗಿಲಲ್ಲೇ ನಾನು ಅಕ್ಕಿ ಒದ್ದು ಒಳಗೆ ಬಂದದ್ದು" ಎಂದರು ಅಜ್ಜಿ. ಚಿತ್ರದಲ್ಲಿ ಏನಿದೆ? ಸಿಮೆಂಟಿನ ನೆಲ, ಯಾರದೋ ಚಪ್ಪಲಿ. ಆತ ಹೆಡ್‌ಫೋನ್ ಹಾಕಿರಲಿಲ್ಲ.

ಹಾಗಾಗಿ ಕಿವಿ ತೆರೆದಿಟ್ಟುಕೊಂಡು ಚಿತ್ರೀಕರಿಸು. ಮಾತು ಮುಗಿದ ಮೇಲೂ ಶಾಟ್ ನಿಲ್ಲಿಸಬೇಡ; ಕಾರ್ಡ್ ತುಂಬಿತೆಂದು ನಿರ್ಮಾಪಕರು ಗೊಣಗಿದರೆ ಗೊಣಗಲಿ. ಮಾತನಾಡುವವರಷ್ಟೇ ಕೇಳಿಸಿಕೊಳ್ಳುವವರೂ ನನಗೆ ಬೇಕು, ಅವರ ಮುಖಗಳನ್ನು ಮರೆಯಬೇಡ. ಹಾಗೆಂದು ಯಾರಾದರೂ ಕೈ ಅಡ್ಡ ಹಿಡಿದರೆ ಮರುಮಾತಿಲ್ಲದೆ ಕ್ಯಾಮೆರಾ ಇಳಿಸಿಬಿಡು. ಅಂಥ ಶಾಟ್ ಎಷ್ಟೇ ಚೆನ್ನಾಗಿದ್ದರೂ ನಾನು ಚಿತ್ರದಲ್ಲಿ ಇಡುವುದಿಲ್ಲ.

ಮೊದಲ ದಿನದ ಫುಟೇಜನ್ನು ಎರಡು ಹಾರ್ಡ್ ಡಿಸ್ಕಿಗೆ ಹಾಕಿ, ಒಂದನ್ನು ನನಗೆ ಕಳುಹಿಸು. ಬೈಯುವುದಿದ್ದರೆ ಬೇಗ ಬೈದುಬಿಡುತ್ತೇನೆ, ಎರಡನೆಯ ದಿನಕ್ಕೆ ಉಪಯೋಗವಾದೀತು.

ನಿನ್ನ,
ಶ್ರೀಧರ