ಗೆಳೆಯನಿಗೊಂದು ಪತ್ರ: ಹೀಬ್ರೂ ಕಾವ್ಯದ ಲಯ ಮತ್ತು ಬಂಧ

ಪ್ರಿಯ ಗೆಳೆಯ,

ನಿನ್ನ ಪತ್ರ ಕೈಸೇರಿತು. ಕನ್ನಡ ಬೈಬಲಿನ ಕೀರ್ತನೆಗಳನ್ನು ಓದತೊಡಗಿದ್ದೀಯೆಂದು ತಿಳಿದು ಸಂತೋಷವಾಯಿತು. ಪ್ರಾಸ ಹುಡುಕಿದರೆ ಸಿಗಲಿಲ್ಲ, ಮಾತ್ರೆ ಎಣಿಸಿದರೆ ಯಾವ ಗಣಕ್ಕೂ ಹೊಂದಲಿಲ್ಲ, ಹೇಳಿದ್ದನ್ನೇ ಮತ್ತೆ ಹೇಳುವ ಈ ಗದ್ಯವನ್ನು ಕಾವ್ಯವೆಂದು ಏಕೆ ಕರೆಯುತ್ತಾರೆ ಎಂದು ಕೇಳಿದ್ದೀಯೆ. ಅನುವಾದದಲ್ಲಿ ಕಳೆದುಹೋಗಿರಬೇಕೆಂದು ನೀನು ಊಹಿಸಿರುವ ಪ್ರಾಸವೂ ಮಾತ್ರಾಗಣಗಳೂ ಮೂಲದಲ್ಲಿಯೇ ನಿಯಮವಾಗಿ ಇಲ್ಲ. ನೀನು ಪುನರುಕ್ತಿಯೆಂದು ಬದಿಗೆ ಸರಿಸಿದ್ದೇ ಆ ಕಾವ್ಯದ ಬಂಧ.

ಇದನ್ನು ಯೂರೋಪಿನ ವಿದ್ವಾಂಸರಿಗೆ ಸ್ಪಷ್ಟವಾಗಿ ತೋರಿಸಿಕೊಟ್ಟವನು ಆಕ್ಸ್‌ಫರ್ಡಿನಲ್ಲಿ ಕಾವ್ಯದ ಪ್ರಾಧ್ಯಾಪಕನಾಗಿದ್ದ ರಾಬರ್ಟ್ ಲೌತ್. ಲ್ಯಾಟಿನಿನಲ್ಲಿದ್ದ ಅವನ ಉಪನ್ಯಾಸಗಳು 1753ರಲ್ಲಿ ಅಚ್ಚಾದವು. ಒಂದು ಪಂಕ್ತಿಯ ಎರಡು ಅರ್ಧಗಳು ಪರಸ್ಪರ ಎದುರುಬದುರಾಗಿ ನಿಲ್ಲುತ್ತವೆ, ಎರಡನೆಯದು ಮೊದಲಿನದನ್ನು ಸಮಾನಾರ್ಥದಲ್ಲಿ ಮರುಹೇಳುತ್ತದೆ, ಇಲ್ಲವೇ ವಿರುದ್ಧಾರ್ಥದಲ್ಲಿ ಎದುರಿಸುತ್ತದೆ, ಇಲ್ಲವೇ ಮುಂದುವರಿಸಿ ಪೂರ್ಣಗೊಳಿಸುತ್ತದೆ ಎಂದು ಅವನು ಮೂರು ಬಗೆಗಳನ್ನು ಹೇಳಿ, ಇದನ್ನು ಸಮಾಂತರತೆ ಎಂದು ಕರೆದ. ಮೂರನೆಯ ಬಗೆ ಬಹಳ ಸಡಿಲವಾದದ್ದು. ಮೊದಲೆರಡಕ್ಕೆ ಸೇರದ್ದೆಲ್ಲವೂ ಅದರೊಳಗೆ ಬಂದು ಬೀಳುತ್ತದೆ. 1980ರ ದಶಕದಲ್ಲಿ ಜೇಮ್ಸ್ ಕೂಗೆಲ್ ಮತ್ತು ರಾಬರ್ಟ್ ಆಲ್ಟರ್ ಈ ವಿಂಗಡಣೆಯನ್ನೇ ಪ್ರಶ್ನಿಸಿದರು. ಎರಡನೆಯ ಅರ್ಧ ಎಂದೂ ಬರಿಯ ಮರುಮಾತಲ್ಲ, ಅದು ಮೊದಲಿನದಕ್ಕಿಂತ ಒಂದು ಹೆಜ್ಜೆ ಮುಂದಿಡುತ್ತದೆ ಎಂಬುದು ಅವರ ವಾದದ ತಿರುಳು. ನನಗೆ ಈ ಮಾತೇ ಸರಿಯೆಂದು ತೋರುತ್ತದೆ. ಬೈಬಲಿನ ಪ್ರವಾದಿ ಆಮೋಸನ ಗ್ರಂಥದ ಮೊದಲ ಅಧ್ಯಾಯವನ್ನು ತೆರೆದು ನೋಡು: 'ದಮಸ್ಕದ ಮೂರು ಅಪರಾಧಗಳಿಗಾಗಿ, ನಾಲ್ಕು ಅಪರಾಧಗಳಿಗಾಗಿ' ಎಂದಿದೆ. ಮೂರು ಎಂಬ ಸಂಖ್ಯೆಗೆ ಸಮಾನಾರ್ಥಕ ಪದವಿಲ್ಲ. ಆದ್ದರಿಂದ ಕವಿ ಅದನ್ನು ಒಂದರಷ್ಟು ಏರಿಸುತ್ತಾನೆ. ಈ ಕಾವ್ಯದಲ್ಲಿ ಮರುಹೇಳುವುದೆಂದರೆ ಏರಿಸುವುದು.

ಇದರ ಪೂರ್ಣ ಶಕ್ತಿಯನ್ನು ಕಾಣಬೇಕಾದರೆ ನ್ಯಾಯಸ್ಥಾಪಕರು ಗ್ರಂಥದ ಐದನೆಯ ಅಧ್ಯಾಯದಲ್ಲಿರುವ ದೆಬೋರಳ ಗೀತೆಗೆ ಹೋಗಬೇಕು. ಬೈಬಲಿನ ಅತ್ಯಂತ ಹಳೆಯ ಪದ್ಯಗಳಲ್ಲಿ ಅದೊಂದು ಎಂದು ಅನೇಕ ವಿದ್ವಾಂಸರು ಭಾವಿಸುತ್ತಾರೆ. ಇಸ್ರಾಯೇಲ್ಯರಿಗೆ ಸೋತು ಓಡಿಬಂದ ಸೇನಾಪತಿ ಸೀಸೆರನು ಯಾಯೇಲಳೆಂಬ ಹೆಂಗಸಿನ ಗುಡಾರದಲ್ಲಿ ಸಾಯುವ ಪ್ರಸಂಗ ನಾಲ್ಕನೆಯ ಅಧ್ಯಾಯದಲ್ಲಿ ಗದ್ಯವಾಗಿಯೂ ಐದನೆಯದರಲ್ಲಿ ಪದ್ಯವಾಗಿಯೂ ಇರುವುದರಿಂದ ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ಓದಬಹುದು. ಗದ್ಯದಲ್ಲಿ ಅವನು ನೀರು ಕೇಳುತ್ತಾನೆ, ಅವಳು ಹಾಲಿನ ತಿತ್ತಿಯನ್ನು ಬಿಚ್ಚಿ ಕುಡಿಸಿ ಹೊದಿಸುತ್ತಾಳೆ, ಅವನು ದಣಿದು ಮಲಗಿ ನಿದ್ದೆಹೋದಾಗ ಗೂಟವನ್ನು ಕಣತಲೆಗೆ ಹೊಡೆಯುತ್ತಾಳೆ. ಪದ್ಯ ಹೀಗೆ ನಡೆಯುತ್ತದೆ: ನೀರು ಕೇಳಿದ, ಹಾಲು ಕೊಟ್ಟಳು, ಅರಸರಿಗೆ ತಕ್ಕ ಬಟ್ಟಲಲ್ಲಿ ಕೆನೆಮೊಸರು ತಂದಳು. ನೀರಿನಿಂದ ಹಾಲಿಗೆ, ಹಾಲಿನಿಂದ ಕೆನೆಮೊಸರಿಗೆ ಏರುತ್ತ ಹೋಗುವ ಈ ಉಪಚಾರದ ಮುಂದಿನ ಮೆಟ್ಟಿಲಿನಲ್ಲಿಯೇ ಅವಳ ಕೈ ಗೂಟದ ಕಡೆಗೂ ಬಲಗೈ ಸುತ್ತಿಗೆಯ ಕಡೆಗೂ ಚಾಚುತ್ತದೆ. ನಡುವೆ ನಿದ್ದೆಯ ಮಾತೇ ಇಲ್ಲ. ಆಮೇಲೆ ಅವನು ಬೀಳುವ ಪಂಕ್ತಿಯನ್ನು ಮೂಲದಲ್ಲಿಯೇ ಗಟ್ಟಿಯಾಗಿ ಓದು:

ಬೇನ್ ರಗ್ಲೇಹಾ ಕಾರಾ ನಾಫಲ್ ಷಾಖಾವ್,
ಬೇನ್ ರಗ್ಲೇಹಾ ಕಾರಾ ನಾಫಲ್,
ಬಅಷೆರ್ ಕಾರಾ ಷಾಮ್ ನಾಫಲ್ ಷಾದೂದ್.

ಅವಳ ಕಾಲುಗಳ ನಡುವೆ ಕುಸಿದ, ಬಿದ್ದ, ಮಲಗಿದ. ಅವಳ ಕಾಲುಗಳ ನಡುವೆ ಕುಸಿದ, ಬಿದ್ದ. ಕುಸಿದಲ್ಲಿಯೇ ಬಿದ್ದು ನಾಶವಾದ. 'ಕುಸಿದ' ಮೂರು ಸಲ, 'ಬಿದ್ದ' ಮೂರು ಸಲ ಬಂದಿವೆ. 'ಮಲಗಿದ' ಎಂಬುದು ಒಮ್ಮೆ ಬಂದು ಬಿಟ್ಟುಹೋಗಿ, ಅದರ ಸ್ಥಾನಕ್ಕೆ ಕೊನೆಯಲ್ಲಿ 'ನಾಶವಾದ' ಎಂಬುದು ಬರುತ್ತದೆ. ಒಂದು ಕ್ಷಣದ ಪತನವನ್ನು ಕೇಳುಗರು ಮೂರು ಸಲ ನೋಡುವಂತೆ ಕವಿ ತಡೆದು ನಿಲ್ಲಿಸಿದ್ದಾನೆ. ಇದನ್ನು ಪುನರುಕ್ತಿದೋಷವೆನ್ನಲು ನಿನಗೂ ಮನಸ್ಸು ಬಾರದು.

ಈ ಬಂಧ ಹೀಬ್ರೂವಿನ ಸ್ವಂತ ಸೃಷ್ಟಿಯೂ ಅಲ್ಲ. ಸಿರಿಯಾದ ಕಡಲತೀರದ ರಾಸ್ ಷಮ್ರಾದಲ್ಲಿ 1929ರಿಂದ ನಡೆದ ಉತ್ಖನನದಲ್ಲಿ ಉಗಾರಿತ್ ಎಂಬ ಪ್ರಾಚೀನ ನಗರದ ಜೇಡಿಮಣ್ಣಿನ ಫಲಕಗಳು ದೊರೆತವು. ಅವುಗಳಲ್ಲಿರುವ ಬಾಳ್ ದೇವತೆಯ ಕಥನದಲ್ಲಿ 'ನಿನ್ನ ವೈರಿಗಳನ್ನು, ಓ ಬಾಳ್, ನಿನ್ನ ವೈರಿಗಳನ್ನು ನೀನು ಹೊಡೆಯುವೆ' ಎಂಬ ಧಾಟಿಯ ಸಾಲುಗಳಿವೆ. 92ನೆಯ ಕೀರ್ತನೆಯಲ್ಲಿ ಅದೇ ಮೆಟ್ಟಿಲುನಡಿಗೆ ಯೆಹೋವನ ವೈರಿಗಳ ಕುರಿತಾಗಿ ಬರುತ್ತದೆ. ದೇವರು ಬದಲಾದರೂ ಪದ್ಯದ ನಡೆ ಉಳಿದುಕೊಂಡಿತು.

ಇನ್ನು ನೀನು ನಿಜವಾಗಿ ಕೇಳಿದ ಲಯದ ವಿಷಯ. ಅಲ್ಲಿ ಎಣಿಸಬೇಕಾದದ್ದು ಮಾತ್ರೆಗಳನ್ನಲ್ಲ, ಒತ್ತುಗಳನ್ನು, ಅಂದರೆ ಪದದಲ್ಲಿ ದನಿಯನ್ನು ಊರಿ ನುಡಿಯುವ ಸ್ಥಾನಗಳನ್ನು. ಪ್ರತಿಯೊಂದು ಮುಖ್ಯ ಪದಕ್ಕೆ ಒಂದು ಒತ್ತು. ಅಂಟಿಕೊಂಡು ನಿಂತ ಸಣ್ಣ ಪದಗಳು ಪಕ್ಕದ ಪದದ ಒತ್ತಿನಲ್ಲಿಯೇ ಅಡಗುತ್ತವೆ. ಒತ್ತುಗಳ ನಡುವೆ ಎಷ್ಟು ಅಕ್ಷರಗಳಿರಬೇಕೆಂಬ ಕಟ್ಟಳೆಯಿಲ್ಲ. ನಮ್ಮ ಅಂಶಗಣಗಳ ಸಡಿಲವನ್ನು ಬಲ್ಲ ನಿನಗೆ ಇದು ತೀರ ಅಪರಿಚಿತವೆನಿಸದು, ಆದರೆ ಇಲ್ಲಿನ ಸಡಿಲ ಇನ್ನೂ ಹೆಚ್ಚಿನದು. ಪಂಕ್ತಿಯೊಂದು ಸಾಮಾನ್ಯವಾಗಿ ಮೂರು ಒತ್ತುಗಳ ಎರಡು ಅರ್ಧಗಳಾಗಿ ಒಡೆಯುತ್ತದೆ. ಆದರೆ ಬೈಬಲಿನ ಪ್ರಲಾಪಗಳ ಗ್ರಂಥದಲ್ಲಿ ಎರಡನೆಯ ಅರ್ಧ ಮತ್ತೆಮತ್ತೆ ಗಿಡ್ಡವಾಗಿ, ಮೂರಕ್ಕೆ ಎರಡರಂತೆ ಬರುವುದನ್ನು 1882ರಲ್ಲಿ ಜರ್ಮನಿಯ ಕಾರ್ಲ್ ಬುಡ್ಡೆ ಗುರುತಿಸಿ, ಇದನ್ನು ಶೋಕಗೀತೆಯ ಛಂದಸ್ಸೆಂದ. ಆಮೋಸನ ಐದನೆಯ ಅಧ್ಯಾಯದಲ್ಲಿ ಶೋಕಗೀತೆಯೆಂದೇ ಹೆಸರಿಟ್ಟುಕೊಂಡು ಬರುವ ಪಂಕ್ತಿ ಇದು: 'ನಾಫ್ಲಾ ಲೋ-ತೋಸೀಫ್ ಕೂಮ್, ಬೆತೂಲತ್ ಯಿಸ್ರಾಎಲ್.' ಬಿದ್ದಿದ್ದಾಳೆ, ಮತ್ತೆ ಏಳಳು, ಇಸ್ರಾಯೇಲೆಂಬ ಕನ್ಯೆ. ಮೂರು ಒತ್ತು, ಆಮೇಲೆ ಎರಡು. ಮೂರನೆಯದು ಬರಬೇಕಾದ ಸ್ಥಳದಲ್ಲಿ ಉಸಿರು ನಿಲ್ಲುತ್ತದೆ. ಆದರೆ ಇದರ ಮರುಪಂಕ್ತಿಯನ್ನೇ ಎಣಿಸಿದರೆ ಎರಡು, ಎರಡು. ಆದ್ದರಿಂದ ಇದನ್ನು ನಿಯಮವೆನ್ನುವುದಕ್ಕಿಂತ ಒಲವು ಎನ್ನುವುದು ಸರಿ.

ಕಟ್ಟುನಿಟ್ಟಾದ ನಿಯಮ ಬೇಕೆಂದಾಗ ಆ ಕವಿಗಳು ಅಕ್ಷರಮಾಲೆಯ ಮೊರೆಹೋದರು. 119ನೆಯ ಕೀರ್ತನೆಯಲ್ಲಿ ಹೀಬ್ರೂವಿನ 22 ಅಕ್ಷರಗಳಲ್ಲಿ ಕ್ರಮವಾಗಿ ಒಂದೊಂದರಿಂದ ಆರಂಭವಾಗುವ ಎಂಟೆಂಟರಂತೆ 176 ವಚನಗಳಿವೆ. 145ನೆಯ ಕೀರ್ತನೆಯೂ ಅಕ್ಷರಕ್ರಮದ್ದೇ. ಅದರ ಸಾಂಪ್ರದಾಯಿಕ ಪಾಠದಲ್ಲಿ 'ನೂನ್' ಅಕ್ಷರದ ವಚನವಿಲ್ಲ, ಮೃತಸಮುದ್ರದ ದಡದ ಗವಿಯಲ್ಲಿ 1956ರಲ್ಲಿ ಸಿಕ್ಕ ಕೀರ್ತನೆಗಳ ಸುರುಳಿಯಲ್ಲಿ ಇದೆ.

ಗುರುಲಘುಗಳ ಛಂದಸ್ಸು ಹೀಬ್ರೂವಿಗೆ ಬಂದದ್ದು ಬಹಳ ತಡವಾಗಿ, ಹತ್ತನೆಯ ಶತಮಾನದಲ್ಲಿ. ಬಾಗ್ದಾದಿನಲ್ಲಿ ಓದಿ ಸ್ಪೇನಿನ ಕಾರ್ಡೋಬಾಕ್ಕೆ ಬಂದ ದುನಾಷ್ ಬೆನ್ ಲಬ್ರಾತ್ ಅದನ್ನು ಅರಬ್ಬೀ ಕಾವ್ಯದಿಂದ ತಂದ. ಪರಭಾಷೆಯ ಅಳತೆ ನಮ್ಮ ನುಡಿಯನ್ನು ಕೆಡಿಸುತ್ತದೆಯೆಂದು ಅವನ ಪ್ರತಿಸ್ಪರ್ಧಿ ಮೆನಹೇಮನ ಶಿಷ್ಯರು ಪ್ರತಿಭಟಿಸಿದರೂ ಅವನ ದಾರಿಯೇ ಗೆದ್ದಿತು. ಹೀಬ್ರೂವಿನಲ್ಲಿ ಅರಬ್ಬಿಯಂತೆ ಹ್ರಸ್ವದೀರ್ಘಗಳ ಭೇದ ಗಟ್ಟಿಯಾಗಿಲ್ಲದ ಕಾರಣ, ತೀರ ಚಿಕ್ಕದಾಗಿ ಉಚ್ಚರಿಸುವ ಅರೆಸ್ವರವನ್ನು ಲಘುವೆಂದೂ ಪೂರ್ಣಸ್ವರಗಳೆಲ್ಲವನ್ನೂ ಗುರುವೆಂದೂ ಎಣಿಸುವ ಉಪಾಯವನ್ನು ಅವನು ಹೂಡಿದ. ಯೆಹೂದ್ಯರು ಪ್ರಾರ್ಥನಾಮಂದಿರಗಳಲ್ಲಿ ಇಂದಿಗೂ ಹಾಡುವ 'ಅದೋನ್ ಓಲಾಮ್ ಅಷೆರ್ ಮಾಲಾಖ್' ಎಂಬ ಸ್ತೋತ್ರದ ಸಾಲಿಗೆ ಪ್ರಸ್ತಾರ ಹಾಕಿದರೆ ಲಘು, ಮೂರು ಗುರು. ಮತ್ತೆ ಲಘು, ಮೂರು ಗುರು. ಗಣಗಳ ಸೂತ್ರವಾಗಿ ನೀನು ಬಾಯಿಪಾಠ ಮಾಡಿರುವ 'ಯಮಾತಾರಾ' ಎಂಬುದನ್ನು ಎರಡು ಸಲ ಹೇಳಿದಂತೆ. ಇಂಥ ಅಳತೆಗಳಲ್ಲಿಯೇ ಯೆಹೂದಾ ಹಲೇವಿಯಂಥ ಮಹಾಕವಿಗಳು ಬರೆದರು.

ಆದರೂ ಹಳೆಯ ಒತ್ತಿನ ಎಣಿಕೆಗೆ ಒಂದು ಗಟ್ಟಿತನವಿದೆಯೆಂದು ನನಗೆ ಅನಿಸುತ್ತದೆ. ಆಧುನಿಕ ಹೀಬ್ರೂವಿನ ದೊಡ್ಡ ಕವಿ ಬಿಯಾಲಿಕ್ (1873-1934) ಪೂರ್ವ ಯೂರೋಪಿನ ಯೆಹೂದ್ಯರ ಉಚ್ಚಾರಣೆಯನ್ನು ನಂಬಿ ತನ್ನ ಛಂದಸ್ಸನ್ನು ಕಟ್ಟಿದ. ಅದರಲ್ಲಿ ಒತ್ತು ಹೆಚ್ಚಾಗಿ ಪದದ ಉಪಾಂತ್ಯಾಕ್ಷರದ ಮೇಲೆ ಬೀಳುತ್ತದೆ. ಇಸ್ರೇಲಿನಲ್ಲಿ ಬೇರೂರಿದ ಉಚ್ಚಾರಣೆಯಲ್ಲಿ ಒತ್ತು ಬಹುಮಟ್ಟಿಗೆ ಕೊನೆಯ ಅಕ್ಷರಕ್ಕೆ ಸರಿಯಿತು, ಹಾಗಾಗಿ ಇಂದಿನವರು ಅವನ ಪದ್ಯಗಳನ್ನು ಸಹಜವಾಗಿ ಓದಿದರೆ ಲಯ ಮುರಿಯುತ್ತದೆ. ಆಮೋಸನ ಪಂಕ್ತಿಯಲ್ಲಿ ಒತ್ತು ಪದದ ಎಲ್ಲಿ ಬಿದ್ದರೂ ಎಣಿಕೆ ಮೂರು ಮತ್ತು ಎರಡಾಗಿಯೇ ನಿಲ್ಲುತ್ತದೆ.

ನಿನ್ನ ಗೆಳೆಯ